ಅನ್ವರ್ಥನಾಮವು ಅಂಕಿತನಾಮವಾದ ಬಗೆ: ಹೆಸರುಗಳ ಹುಟ್ಟು ಮತ್ತು ಅರ್ಥ

ನಾಮಪದಗಳಲ್ಲಿ ರೂಢನಾಮ, ಅಂಕಿತನಾಮ, ಅನ್ವರ್ಥನಾಮ ಎಂಬ ಮೂರು ಬಗೆಗಳಿವೆಯೆಂದು ಕನ್ನಡ ವ್ಯಾಕರಣದ ಪಾಠದಲ್ಲಿ ನಾವೆಲ್ಲ ಕಲಿತಿದ್ದೇವೆ. ಹೊಳೆ, ಬೆಟ್ಟ, ಹುಡುಗ ಮೊದಲಾದವು ರೂಢನಾಮಗಳು. ಒಬ್ಬ ವ್ಯಕ್ತಿಯನ್ನು ಉಳಿದವರಿಂದ ಬೇರೆಯಾಗಿ ಗುರುತಿಸುವುದಕ್ಕೆಂದು ಇಟ್ಟುಕೊಂಡದ್ದು ಅಂಕಿತನಾಮ. ಕಸುಬು, ಗುಣ, ಮೈಕಟ್ಟು ಮೊದಲಾದ ಕಾರಣಗಳಿಂದ ಅರ್ಥಕ್ಕೆ ತಕ್ಕಂತೆ ಬಂದ ವ್ಯಾಪಾರಿ, ಜಾಣ, ಕುಂಟ ಮುಂತಾದವು ಅನ್ವರ್ಥನಾಮಗಳು. ಪರೀಕ್ಷೆಯಲ್ಲಿ ಎರಡು ಅಂಕಕ್ಕೆ ಬರೆದು ಮರೆತುಬಿಡುವ ಈ ವಿಂಗಡಣೆಯನ್ನು ಜಗತ್ತಿನ ಜನರ ಹೆಸರುಗಳ ಮೇಲೆ ಇಟ್ಟು ನೋಡಿದರೆ, ಹೆಸರುಗಳ ಇತಿಹಾಸದ ಬಹುಭಾಗ ಅದರಿಂದಲೇ ಬಿಡಿಸಿಕೊಳ್ಳುತ್ತದೆ.

ಮನೆತನದ ಹೆಸರು, ಅಂದರೆ ಇಂದು ಅರ್ಜಿ ನಮೂನೆಗಳಲ್ಲಿ ಸರ್‌ನೇಮ್ ಎಂದು ಕೇಳುವ ಹೆಸರು, ಬಹುಮಟ್ಟಿಗೆ ಹುಟ್ಟುವಾಗ ಅನ್ವರ್ಥನಾಮವಾಗಿತ್ತು. ಯಾವನೋ ಒಬ್ಬ ಪೂರ್ವಜನ ವಿಷಯದಲ್ಲಿ ಅದು ಅಕ್ಷರಶಃ ನಿಜವಾಗಿತ್ತು. ಅವನು ಕಮ್ಮಾರನಾಗಿದ್ದ, ಕೆಂಚುಗೂದಲಿನವನಾಗಿದ್ದ, ಹಳ್ಳದ ಪಕ್ಕದ ಮನೆಯವನಾಗಿದ್ದ ಅಥವಾ ಇಂಥವನ ಮಗನಾಗಿದ್ದ. ಆ ವಿವರಣೆ ಅವನೊಂದಿಗೆ ಸಾಯದೆ, ಕಮ್ಮಾರನಲ್ಲದ ಮೊಮ್ಮಗನಿಗೂ ಕಪ್ಪುಗೂದಲಿನ ಮರಿಮಗಳಿಗೂ ಅಂಟಿಕೊಂಡ ಗಳಿಗೆಯಲ್ಲಿ ಅನ್ವರ್ಥನಾಮವು ಅಂಕಿತನಾಮವಾಯಿತು. ಮಗುವಿಗೆ ಇಡುವ ಹೆಸರಿನ ದಾರಿ ಇದಕ್ಕಿಂತ ಬೇರೆ. ತೊಟ್ಟಿಲಲ್ಲಿರುವ ಕೂಸಿಗೆ ವರ್ಣಿಸಬಹುದಾದ ಕಸುಬಾಗಲಿ ಸ್ವಭಾವವಾಗಲಿ ಇನ್ನೂ ಇಲ್ಲದ ಕಾರಣ, ಅದಕ್ಕೆ ಇಡುವ ಹೆಸರು ವಿವರಣೆಗಿಂತ ಹೆಚ್ಚಾಗಿ ಹಾರೈಕೆಯಾಗಿರುತ್ತದೆ, ಹರಕೆಯಾಗಿರುತ್ತದೆ ಅಥವಾ ಸತ್ತುಹೋದ ಹಿರಿಯರೊಬ್ಬರ ನೆನಪಾಗಿರುತ್ತದೆ. ಆದ್ದರಿಂದ ‘ಈ ಹೆಸರಿನ ಅರ್ಥವೇನು’ ಎಂಬ ಒಂದೇ ಪ್ರಶ್ನೆ ಈ ಎರಡು ಬಗೆಯ ಹೆಸರುಗಳ ಮುಂದೆ ಎರಡು ಬೇರೆ ಬೇರೆ ಪ್ರಶ್ನೆಗಳಾಗುತ್ತದೆ.

ಮೊದಲು ಇಟ್ಟ ಹೆಸರಿನ ವಿಷಯ. ಸಂಸ್ಕೃತದ ದೇವದತ್ತ, ಗ್ರೀಕಿನ ಥಿಯೊಡೊರೋಸ್, ಸ್ಲಾವ್ ಭಾಷೆಗಳ ಬೋಗ್ದಾನ್, ಹೀಬ್ರೂವಿನ ನಥಾನಿಯೆಲ್, ಪಾರಸಿಯ ಖುದಾದಾದ್, ಅರಬ್ಬಿಯ ಅತಾಉಲ್ಲಾ, ಫ್ರೆಂಚಿನ ದ್ಯೂದೊನೆ ಇವೆಲ್ಲವೂ ದೇವರು ಕೊಟ್ಟದ್ದು ಎಂಬ ಒಂದೇ ಮಾತನ್ನು ಹೇಳುತ್ತವೆ. ಮಗು ಬದುಕಿ ಉಳಿಯುವ ಭರವಸೆಯೇ ಇರದಿದ್ದ ಕಾಲದಲ್ಲಿ ಹೆತ್ತವರಿಗೆ ಮೊದಲು ತೋಚುತ್ತಿದ್ದ ಮಾತು ಇದೇ ಆಗಿದ್ದರೆ ಆಶ್ಚರ್ಯವಿಲ್ಲ. ಎರಡು ಪದಗಳನ್ನು ಸಮಾಸ ಮಾಡಿ ಹೆಸರು ಕಟ್ಟುವ ಪದ್ಧತಿಯಂತೂ ಸಂಸ್ಕೃತ, ಗ್ರೀಕ್, ಹಳೆಯ ಜರ್ಮಾನಿಕ್, ಸ್ಲಾವ್ ಭಾಷೆಗಳಿಗೆಲ್ಲ ಸಮಾನವಾದದ್ದು, ಮತ್ತು ಆ ಭಾಷೆಗಳು ಒಂದೇ ಮೂಲದಿಂದ ಬಂದವು ಎಂಬುದಕ್ಕೆ ಹೊಂದುವಂಥದು. ಗ್ರೀಕಿನ ನಿಕೊಲಾಸ್ ಎಂಬುದು ಗೆಲುವು ಮತ್ತು ಜನ ಎಂಬ ಎರಡು ಪದಗಳ ಕೂಡಿಕೆ. ಎಡ್ವರ್ಡ್ ಎಂಬ ಹಳೆಯ ಇಂಗ್ಲಿಷ್ ಹೆಸರು ಸಂಪತ್ತು ಮತ್ತು ಕಾವಲುಗಾರ ಎಂಬ ಎರಡು ಪದಗಳದ್ದು.

ಇಲ್ಲಿ ಒಂದು ಎಚ್ಚರಿಕೆಯ ಮಾತು ಅಗತ್ಯ. ಜರ್ಮಾನಿಕ್ ಕುಟುಂಬಗಳಲ್ಲಿ ತಂದೆಯ ಹೆಸರಿನಿಂದ ಒಂದು ಪದವನ್ನೂ ತಾಯಿಯ ಅಥವಾ ಅಜ್ಜನ ಹೆಸರಿನಿಂದ ಇನ್ನೊಂದನ್ನೂ ತೆಗೆದು ಮಗುವಿನ ಹೆಸರು ಜೋಡಿಸುವ ರೂಢಿ ಇದ್ದುದರಿಂದ, ಕೂಡಿದ ಹೆಸರಿಗೆ ಒಟ್ಟರ್ಥ ಇರಲೇಬೇಕೆಂಬ ನಿಯಮವಿರಲಿಲ್ಲ. ಹಿಲ್ಡೆಗುಂಡ್ ಎಂಬ ಹೆಣ್ಣುಹೆಸರಿನ ಎರಡು ಭಾಗಗಳಿಗೂ ಯುದ್ಧವೆಂದೇ ಅರ್ಥ. ಫ್ರೆಡೆಗುಂಡ್ ಎಂಬುದರಲ್ಲಿ ಶಾಂತಿಯೂ ಯುದ್ಧವೂ ಒಟ್ಟಿಗೆ ಇವೆ. ಇಂಥ ಹೆಸರನ್ನು ಶಾಂತಿಗಾಗಿ ಹೋರಾಡುವವಳು ಎಂದು ಬಿಡಿಸಿ ಹೇಳುವ ಇಂದಿನ ನಾಮಾವಳಿ ಪುಸ್ತಕಗಳು, ಇಟ್ಟವರ ಮನಸ್ಸಿನಲ್ಲಿ ಇಲ್ಲದಿದ್ದ ಅರ್ಥವನ್ನು ತಾವೇ ಹೊಲಿದುಕೊಡುತ್ತವೆ.

ಹೆಸರು ಭಾಷೆಯಿಂದ ಭಾಷೆಗೆ ದಾಟಿದಾಗ ಅರ್ಥ ಇನ್ನಷ್ಟು ಹಿಂದೆ ಸರಿಯುತ್ತದೆ. ಯೆಹೋವನು ಕೃಪೆ ತೋರಿದ ಎಂಬರ್ಥದ ಯೋಹಾನಾನ್ ಎಂಬ ಹೀಬ್ರೂ ಹೆಸರು ಗ್ರೀಕಿನಲ್ಲಿ ಇಯೊಆನ್ನೆಸ್ ಆಗಿ, ಲ್ಯಾಟಿನ್ನಿನ ಮೂಲಕ ಯುರೋಪನ್ನೆಲ್ಲ ವ್ಯಾಪಿಸಿ, ಇಂಗ್ಲಿಷಿನಲ್ಲಿ ಜಾನ್, ಫ್ರೆಂಚಿನಲ್ಲಿ ಝಾನ್, ಸ್ಪ್ಯಾನಿಷಿನಲ್ಲಿ ಹುವಾನ್, ಇಟಾಲಿಯನ್ನಿನಲ್ಲಿ ಜೊವಾನ್ನಿ, ರಷ್ಯನ್ನಿನಲ್ಲಿ ಇವಾನ್, ಜರ್ಮನ್ನಿನಲ್ಲಿ ಹಾನ್ಸ್, ಐರಿಷಿನಲ್ಲಿ ಶಾನ್ ಆಯಿತು. ಇವಾನನಿಗೂ ಹುವಾನನಿಗೂ ತಮ್ಮ ಹೆಸರಿನಲ್ಲಿ ಹೀಬ್ರೂ ದೇವನಾಮ ಅಡಗಿದೆಯೆಂಬುದು ಕೇಳುವಾಗ ಹೊಳೆಯುವುದಿಲ್ಲ. ಅವರ ಹೆತ್ತವರು ಆರಿಸಿದ್ದು ಪದದ ಅರ್ಥವನ್ನಲ್ಲ, ಆ ಹೆಸರನ್ನು ಹೊತ್ತಿದ್ದ ಸಂತನನ್ನು ಅಥವಾ ಮನೆಯ ಅಜ್ಜನನ್ನು.

ಇಟ್ಟ ಹೆಸರುಗಳೆಲ್ಲ ಹಾರೈಕೆಗಳೇ ಎಂದೂ ತಿಳಿಯಬೇಕಾಗಿಲ್ಲ. ಪಶ್ಚಿಮ ಆಫ್ರಿಕಾದ ಅಕಾನ್ ಜನರಲ್ಲಿ ಹುಟ್ಟಿದ ವಾರವೇ ಹೆಸರಾಗುತ್ತದೆ. ವಿಶ್ವಸಂಸ್ಥೆಯ ಮಹಾಕಾರ್ಯದರ್ಶಿಯಾಗಿದ್ದ ಕೋಫಿ ಅನ್ನಾನ್ ಅವರು ಹುಟ್ಟಿದ್ದು 1938ರ ಏಪ್ರಿಲ್ 8ರ ಶುಕ್ರವಾರ. ಕೋಫಿ ಎಂದರೆ ಶುಕ್ರವಾರ ಹುಟ್ಟಿದ ಗಂಡು. ಬಾಲಿ ದ್ವೀಪದಲ್ಲಿ ವಾಯಾನ್, ಮಾದೆ, ನ್ಯೋಮಾನ್, ಕೆತುತ್ ಎಂಬ ಹೆಸರುಗಳು ಮೊದಲ, ಎರಡನೆಯ, ಮೂರನೆಯ, ನಾಲ್ಕನೆಯ ಮಗುವನ್ನು ಸೂಚಿಸುತ್ತವೆ. ಮಂಗೋಲಿಯಾದಲ್ಲಿ ನೆರ್ಗುಯಿ, ಎಂದರೆ ಹೆಸರಿಲ್ಲದವನು, ಮತ್ತು ಎನೆಬಿಶ್, ಎಂದರೆ ಇವನಲ್ಲ, ಎಂಬ ಹೆಸರುಗಳೂ ಇವೆ. ಮಕ್ಕಳನ್ನು ಕಳೆದುಕೊಂಡ ಮನೆಗಳಲ್ಲಿ ಕೆಟ್ಟ ಶಕ್ತಿಗಳ ಕಣ್ಣು ತಪ್ಪಿಸಲು ಇಡುತ್ತಿದ್ದ ಹೆಸರುಗಳಿವು. ತೀರ ಬೇಡವಾದ ವಸ್ತುವಿನ ಹೆಸರಿಟ್ಟು ಮಗುವನ್ನು ಉಳಿಸಿಕೊಳ್ಳುವ ಈ ಉಪಾಯ ಅನೇಕ ಸಮಾಜಗಳಲ್ಲಿ ಕಾಣುತ್ತದೆ.

ಒಬ್ಬರಿಗೆ ಒಂದೇ ಹೆಸರು ಸಾಕಾಗಿದ್ದ ಕಾಲ ದೀರ್ಘವಾಗಿತ್ತು. ಎಲ್ಲರೂ ಎಲ್ಲರನ್ನೂ ಬಲ್ಲ ಸಣ್ಣ ಊರಿನಲ್ಲಿ ಎರಡನೆಯ ಹೆಸರಿನ ಅಗತ್ಯ ಬೀಳುವುದು ಒಂದೇ ಹೆಸರಿನವರು ಇಬ್ಬರಾದಾಗ. ಇದಕ್ಕೆ ದೊಡ್ಡ ಅಪವಾದವೆಂದರೆ ಪ್ರಾಚೀನ ರೋಮ್. ಅಲ್ಲಿನ ಗೌರವಸ್ಥ ಪುರುಷನಿಗೆ ಸ್ವಂತ ಹೆಸರು, ಕುಲದ ಹೆಸರು, ಶಾಖೆಯ ಹೆಸರು ಹೀಗೆ ಮೂರು ಹೆಸರುಗಳಿದ್ದವು. ಗಾಯಸ್ ಜೂಲಿಯಸ್ ಸೀಸರ್ ಎಂಬಲ್ಲಿ ಜೂಲಿಯಸ್ ಎಂಬುದು ಕುಲದ್ದು. ಮೂರನೆಯದು ಬಹುಮಟ್ಟಿಗೆ ಅಡ್ಡಹೆಸರಿನಿಂದ ಬಂದದ್ದು: ವಾಗ್ಮಿ ಸಿಸೆರೊ ಅವನ ಹೆಸರಿನ ಹಿಂದೆ ಕಡಲೆಕಾಳಿನ ಲ್ಯಾಟಿನ್ ಪದವಿದೆ, ಕವಿ ಓವಿಡ್‌ನ ನಾಸೊ ಎಂಬ ಹೆಸರಿನಲ್ಲಿ ಮೂಗು ಇದೆ. ಹೆಣ್ಣುಮಕ್ಕಳಿಗಾದರೋ ಕುಲದ ಹೆಸರಿನ ಸ್ತ್ರೀರೂಪವೇ ಗತಿ. ಕಾರ್ನೀಲಿಯಸ್ ಕುಲದ ಹೆಣ್ಣುಮಕ್ಕಳೆಲ್ಲ ಕಾರ್ನೀಲಿಯಾಗಳು, ಬೇಕಾದರೆ ಹಿರಿಯಳು, ಕಿರಿಯಳು, ಮೂರನೆಯವಳು ಎಂದು ಸೇರಿಸಿಕೊಳ್ಳಬಹುದಿತ್ತು. ರೋಮನ್ ಆಳ್ವಿಕೆ ಕುಸಿದ ಮೇಲೆ ಪಶ್ಚಿಮ ಯುರೋಪಿನಲ್ಲಿ ಈ ವ್ಯವಸ್ಥೆಯೂ ಅಳಿದು ಜನ ಮತ್ತೆ ಒಂದೇ ಹೆಸರಿಗೆ ಮರಳಿದರು.

ಆ ಬಳಿಕ ನಡೆದದ್ದನ್ನು ಇಂಗ್ಲೆಂಡಿನಲ್ಲಿ ಸ್ಪಷ್ಟವಾಗಿ ನೋಡಬಹುದು. 1066ರಲ್ಲಿ ನಾರ್ಮನ್ನರು ಆ ದೇಶವನ್ನು ಗೆದ್ದ ಮೇಲೆ ಹಳೆಯ ಸಮಾಸನಾಮಗಳು ಹಿಂದೆ ಸರಿದು, ವಿಲಿಯಂ, ರಾಬರ್ಟ್, ರಿಚರ್ಡ್ ಮೊದಲಾದ ಆಳುವವರ ಹೆಸರುಗಳೂ ಜಾನ್, ಥಾಮಸ್ ಮೊದಲಾದ ಸಂತರ ಹೆಸರುಗಳೂ ಎಲ್ಲೆಡೆ ಹರಡಿದವು. ಇಟ್ಟ ಹೆಸರುಗಳ ವೈವಿಧ್ಯ ಕುಗ್ಗಿದಷ್ಟೂ ಒಂದೇ ಊರಿನ ಜಾನ್‌ಗಳು ಹೆಚ್ಚಿದರು. ಅವರಲ್ಲಿ ಯಾವ ಜಾನ್ ಎಂದು ಹೇಳಲು ಅನ್ವರ್ಥನಾಮ ಬೇಕಾಯಿತು. ಒಂದು ಬಗೆಯ ಹೆಸರಿನ ಬಡತನವೇ ಇನ್ನೊಂದು ಬಗೆಯ ಹೆಸರನ್ನು ಹುಟ್ಟಿಸಿತು ಎನ್ನಬಹುದು.

ಈ ಅನ್ವರ್ಥನಾಮಗಳು ಹುಟ್ಟುವ ಮೂಲಗಳು ಜಗತ್ತಿನಾದ್ಯಂತ ಬಹುತೇಕ ನಾಲ್ಕೇ: ತಂದೆ, ಕಸುಬು, ಜಾಗ, ಲಕ್ಷಣ. ಇವುಗಳಲ್ಲಿ ಎಲ್ಲಕ್ಕಿಂತ ಸಹಜವಾದದ್ದು ಇಂಥವನ ಮಗ ಎನ್ನುವುದು. ಸಂಸ್ಕೃತ ಇದನ್ನು ಪದದ ಮೊದಲ ಸ್ವರವನ್ನು ಹಿಗ್ಗಿಸಿ ಪ್ರತ್ಯಯ ಹಚ್ಚುವುದರಿಂದ ಸಾಧಿಸುತ್ತದೆ: ವಸುದೇವನ ಮಗ ವಾಸುದೇವ, ದಶರಥನ ಮಗ ದಾಶರಥಿ, ಪಾಂಡುವಿನ ಮಕ್ಕಳು ಪಾಂಡವರು, ಕುಂತಿಯ ಮಗ ಕೌಂತೇಯ. ಪಾಣಿನಿಯು ‘ತಸ್ಯಾಪತ್ಯಮ್’ ಎಂಬ ಸೂತ್ರದಿಂದ ಆರಂಭಿಸಿ ಇಂಥ ರೂಪಗಳನ್ನು ವಿಸ್ತಾರವಾಗಿ ನಿರೂಪಿಸಿದ್ದಾನೆ. ಅಲ್ಲಿಯೇ ಮುಂದೆ ‘ಅಪತ್ಯಂ ಪೌತ್ರಪ್ರಭೃತಿ ಗೋತ್ರಮ್’ ಎಂದು ಹೇಳಿ, ಮೊಮ್ಮಗನಿಂದ ಮುಂದಿನ ಸಂತತಿಗೆ ಗೋತ್ರವೆಂಬ ಬೇರೆ ಸಂಜ್ಞೆ ಕೊಡುತ್ತಾನೆ. ನನ್ನ ದೃಷ್ಟಿಯಲ್ಲಿ ಇದು ಇಡೀ ವಿಷಯದ ಕೀಲಿಕೈ. ಮಗ ಎಂದರೆ ಕಣ್ಣೆದುರಿನ ಸಂಬಂಧ. ಮೊಮ್ಮಗನಿಂದಾಚೆಗೆ ಅದು ವಂಶದ ಗುರುತು. ಬಹುದೂರದ ಐರ್ಲೆಂಡಿನಲ್ಲಿಯೂ ಇದೇ ಭೇದ ಎರಡು ಬೇರೆ ಪದಗಳಲ್ಲಿ ಉಳಿದಿದೆ: ಮ್ಯಾಕ್ ಎಂದರೆ ಮಗ, ಓ ಎಂದರೆ ಮೊಮ್ಮಗ ಅಥವಾ ವಂಶಜ. ಓಬ್ರಯನ್ ಎಂಬುದು ಬ್ರಯನ್ ಎಂಬವನ ವಂಶದವನು ಎಂದು ಹೇಳುತ್ತದೆ.

ಮಗ ಎಂಬ ಪದವನ್ನು ಸೇರಿಸಿಕೊಳ್ಳದ ಭಾಷೆಯೇ ಅಪರೂಪ. ಇಂಗ್ಲಿಷಿನ ಸನ್, ಡೆನ್ಮಾರ್ಕಿನ ಸೆನ್, ತುರ್ಕಿಯ ಓಲು, ಜಾರ್ಜಿಯಾದ ಶ್ವಿಲಿ, ಅರ್ಮೇನಿಯಾದ ಯಾನ್, ಅರಬ್ಬಿಯ ಇಬ್ನ್, ಪಾರಸಿಯ ಜಾದೆ, ಸ್ಪೇನಿನ ಫೆರ್ನಾಂಡೆಸ್ ಮತ್ತು ರೊಡ್ರಿಗೆಸ್‌ಗಳ ಕೊನೆಯಲ್ಲಿರುವ ಪ್ರತ್ಯಯ, ಎಲ್ಲವೂ ಮಗ ಅಥವಾ ಸಂತತಿಯನ್ನು ಹೇಳುವಂಥವು. ವೇಲ್ಸ್ ದೇಶದಲ್ಲಿ ಮಗನೆಂಬುದಕ್ಕೆ ಅಪ್ ಎನ್ನುತ್ತಿದ್ದರು. ಅದು ಕಾಲಕ್ರಮದಲ್ಲಿ ತಂದೆಯ ಹೆಸರಿನೊಳಗೆ ಕರಗಿ, ಅಪ್ ರ‍್ಹೀಸ್ ಎಂಬುದು ಪ್ರೈಸ್ ಆಯಿತು, ಅಪ್ ಹಿವೆಲ್ ಎಂಬುದು ಪೊವೆಲ್ ಆಯಿತು. ಪ್ರೈಸ್ ಎಂಬ ಹೆಸರಿಗೂ ಬೆಲೆ ಎಂಬರ್ಥದ ಇಂಗ್ಲಿಷ್ ಪದಕ್ಕೂ ನಂಟಿಲ್ಲ. ತಾಯಿಯ ಹೆಸರಿನಿಂದ ಗುರುತಿಸುವುದೂ ಉಂಟು: ಶಾತವಾಹನ ದೊರೆ ಗೌತಮೀಪುತ್ರ ಶಾತಕರ್ಣಿಯ ಹೆಸರಿನಲ್ಲಿ ತಾಯಿಯೇ ಮುಂದಿದ್ದಾಳೆ, ಪಾಣಿನಿಗೂ ದಾಕ್ಷೀಪುತ್ರನೆಂಬ ಹೆಸರಿದೆ.

ಕಸುಬಿನ ಹೆಸರುಗಳಲ್ಲಿ ಕಮ್ಮಾರನಿಗೆ ಸಿಕ್ಕ ಪಾಲು ವಿಶೇಷವಾದದ್ದು. ಇಂಗ್ಲಿಷಿನ ಸ್ಮಿತ್, ಜರ್ಮನ್ನಿನ ಶ್ಮಿಟ್, ಪೋಲೆಂಡಿನ ಕೊವಾಲ್ಸ್ಕಿ, ರಷ್ಯಾದ ಕುಜ್ನೆತ್ಸೊವ್, ಹಂಗೇರಿಯ ಕೊವಾಚ್, ಇಟಲಿಯ ಫೆರಾರಿ, ಫ್ರಾನ್ಸಿನ ಲೆಫೆವ್ರ್, ಅರಬ್ಬರ ಹದ್ದಾದ್, ಇವೆಲ್ಲದರ ಹಿಂದೆಯೂ ಕುಲುಮೆಯ ಬೆಂಕಿ ಇದೆ. ಹಳ್ಳಿಗಳಲ್ಲಿ ಕಮ್ಮಾರರಿಗಿಂತ ಬೇಸಾಯಗಾರರು ಎಷ್ಟೋ ಪಾಲು ಹೆಚ್ಚಿದ್ದರಲ್ಲವೇ, ಹಾಗಿದ್ದ ಮೇಲೆ ಕಮ್ಮಾರನ ಹೆಸರೇ ಇಷ್ಟು ಹಬ್ಬಿದ್ದೇಕೆ ಎಂಬ ಪ್ರಶ್ನೆಗೆ ಉತ್ತರ ಆ ಸಂಖ್ಯೆಯಲ್ಲಿಯೇ ಇದೆ. ಅನ್ವರ್ಥನಾಮದ ಕೆಲಸ ಒಬ್ಬನನ್ನು ನೂರಾರು ಜನರಿಂದ ಬೇರ್ಪಡಿಸುವುದು. ಊರಿನವರೆಲ್ಲ ಬೇಸಾಯಗಾರರಾಗಿರುವಾಗ ಬೇಸಾಯದ ಜಾನ್ ಎಂದರೆ ಯಾರೆಂದು ತಿಳಿಯುವುದಿಲ್ಲ. ಕಮ್ಮಾರ ಜಾನ್ ಎಂದರೆ ತಕ್ಷಣ ತಿಳಿಯುತ್ತದೆ, ಏಕೆಂದರೆ ಊರಿಗೆ ಒಬ್ಬನೇ ಕಮ್ಮಾರ. ಆದರೆ ಪ್ರತಿ ಊರಿಗೂ ಒಬ್ಬ ಕಮ್ಮಾರ ಇದ್ದೇ ಇರುತ್ತಾನಾದ್ದರಿಂದ, ಒಂದೊಂದು ಊರಿನಲ್ಲಿ ವಿರಳವಾದ ಹೆಸರು ಇಡೀ ದೇಶದ ಲೆಕ್ಕದಲ್ಲಿ ಎಲ್ಲಕ್ಕಿಂತ ಸಾಮಾನ್ಯವಾದ ಹೆಸರಾಗುತ್ತದೆ. ಗಿರಣಿಯವನು, ಸಿಂಪಿಗ, ರೊಟ್ಟಿ ಸುಡುವವನು, ಇವರ ಕಥೆಯೂ ಇದೇ.

ಜಾಗದ ಹೆಸರುಗಳಲ್ಲಿ ಈ ತರ್ಕ ಇನ್ನೂ ಸೊಗಸಾಗಿ ಕೆಲಸ ಮಾಡುತ್ತದೆ. ಒಂದು ಊರಿನಲ್ಲಿಯೇ ಇರುವವನನ್ನು ಆ ಊರಿನ ಹೆಸರಿನಿಂದ ಕರೆಯುವುದರಲ್ಲಿ ಪ್ರಯೋಜನವಿಲ್ಲ. ಊರು ಬಿಟ್ಟು ಬೇರೆಡೆ ನೆಲೆಸಿದವನಿಗೇ ಮೂಲದ ಊರಿನ ಹೆಸರು ಅಂಟುತ್ತದೆ. ಹಂಗೇರಿಯಲ್ಲಿ ತುಂಬ ಸಾಮಾನ್ಯವಾದ ಹೆಸರುಗಳಲ್ಲಿ ಹೊರ್ವಾತ್ ಎಂದರೆ ಕ್ರೊಯೇಷಿಯಾದವನು, ನೇಮೆತ್ ಎಂದರೆ ಜರ್ಮನ್. ವೇಲ್ಸ್‌ನವನು ಎಂಬರ್ಥದ ವಾಲ್ಶ್ ಎಂಬ ಹೆಸರು ವೇಲ್ಸ್‌ಗಿಂತ ಐರ್ಲೆಂಡಿನಲ್ಲಿ ಹೆಚ್ಚು. ಆದ್ದರಿಂದ ಊರಿನ ಅಥವಾ ದೇಶದ ಹೆಸರು ಹೊತ್ತ ಮನೆತನ ಸಿಕ್ಕಾಗ, ಅವರ ಪೂರ್ವಜರು ಅಲ್ಲಿ ಇದ್ದರು ಎನ್ನುವುದಕ್ಕಿಂತ ಅಲ್ಲಿಂದ ಹೊರಟರು ಎಂದು ಓದುವುದು ಹೆಚ್ಚು ಸರಿ. ಊರೊಳಗಿನ ಗುರುತುಗಳ ಲೆಕ್ಕ ಬೇರೆ: ಜರ್ಮನ್ನಿನ ಬಾಖ್ ಎಂದರೆ ತೊರೆ, ಫ್ರೆಂಚಿನ ದ್ಯುಬುವಾ ಎಂದರೆ ಕಾಡಿನ ಕಡೆಯವನು, ಜಪಾನಿನ ಯಾಮಾದಾ ಎಂದರೆ ಬೆಟ್ಟದ ಗದ್ದೆ, ತನಾಕಾ ಎಂದರೆ ಗದ್ದೆಯ ನಡು. ಇವು ವಾಸದ ವಿಳಾಸಗಳೇ.

ಲಕ್ಷಣದಿಂದ ಬಂದವುಗಳ ಬಗ್ಗೆ ಹೆಚ್ಚು ಹೇಳಬೇಕಾಗಿಲ್ಲ. ಇಟಲಿಯ ರೊಸ್ಸಿ ಕೆಂಚನೆಯವನು, ಜರ್ಮನ್ನಿನ ಕ್ಲೈನ್ ಕುಳ್ಳ, ಹಂಗೇರಿಯ ನಾಗ್ಯ್ ದೊಡ್ಡವನು, ರಷ್ಯಾದ ಟಾಲ್‌ಸ್ಟಾಯ್ ದಪ್ಪನೆಯವನು. ಊರ ಜನರ ನಾಲಗೆಗೆ ಕರುಣೆ ಕಡಿಮೆ ಎಂಬುದಕ್ಕೆ ಇವೇ ಸಾಕ್ಷಿ.

ಇನ್ನು ಈ ವಿವರಣೆಗಳು ಹೆಪ್ಪುಗಟ್ಟಿದ್ದು ಹೇಗೆ? ಬಾಯಿಮಾತಿನಲ್ಲಿ ಇದ್ದಷ್ಟು ಕಾಲ ಅನ್ವರ್ಥನಾಮ ತಲೆಮಾರಿಗೊಮ್ಮೆ ಬದಲಾಗುತ್ತಿತ್ತು. ಬರಹಕ್ಕೆ ಇಳಿದ ಮೇಲೆ ಅದು ನಿಂತುಹೋಯಿತು. ಭೂಮಿಯ ಹಕ್ಕು ತಂದೆಯಿಂದ ಮಗನಿಗೆ ದಾಟುವಾಗ, ಹಕ್ಕಿನ ಜೊತೆಗೆ ಪತ್ರದಲ್ಲಿದ್ದ ಹೆಸರೂ ದಾಟಿದರೆ ಅನುಕೂಲ. ಹೀಗಾಗಿ ಯುರೋಪಿನಲ್ಲಿ ಮೊದಲು ಹೆಸರು ಸ್ಥಿರವಾದದ್ದು ಆಸ್ತಿವಂತರಲ್ಲಿ ಮತ್ತು ವೆನಿಸ್‌ನಂಥ ವ್ಯಾಪಾರದ ನಗರಗಳಲ್ಲಿ. ಆಮೇಲೆ ತಲೆಗಂದಾಯದ ಪಟ್ಟಿಗಳು ಬಂದವು. 1538ರಲ್ಲಿ ಇಂಗ್ಲೆಂಡಿನಲ್ಲಿಯೂ, 1563ರ ಟ್ರೆಂಟ್ ಧರ್ಮಸಭೆಯ ನಿರ್ಣಯದಂತೆ ಕ್ಯಾಥೊಲಿಕ್ ದೇಶಗಳಲ್ಲಿಯೂ ಚರ್ಚುಗಳು ದಾಖಲೆ ಪುಸ್ತಕಗಳನ್ನು ಇಡಬೇಕೆಂಬ ಕಟ್ಟಳೆಯಾಯಿತು. ಅಪ್ಪನ ಹೆಸರನ್ನು ಬರೆದ ಪುಸ್ತಕದಲ್ಲಿಯೇ ಮಗನ ಹೆಸರನ್ನೂ ಬರೆಯುವ ಗುಮಾಸ್ತನಿಗೆ, ಎರಡನೆಯ ಹೆಸರು ಒಂದೇ ಆಗಿರುವುದು ಸಲೀಸು.

ಎಲ್ಲೆಲ್ಲಿ ಇದು ತಾನಾಗಿ ನಡೆಯಲಿಲ್ಲವೋ ಅಲ್ಲೆಲ್ಲ ಸರ್ಕಾರಗಳು ಕೈಹಾಕಿದವು. ಆಸ್ಟ್ರಿಯಾದ ಎರಡನೆಯ ಜೋಸೆಫ್ ಚಕ್ರವರ್ತಿ 1787ರಲ್ಲಿ ತನ್ನ ರಾಜ್ಯದ ಯಹೂದಿಗಳು ಸ್ಥಿರವಾದ ಜರ್ಮನ್ ಮನೆತನದ ಹೆಸರು ಇಟ್ಟುಕೊಳ್ಳಬೇಕೆಂದು ಆಜ್ಞಾಪಿಸಿದ. ನೆಪೋಲಿಯನ್ 1811ರಲ್ಲಿ ತಾನು ವಶಪಡಿಸಿಕೊಂಡಿದ್ದ ನೆದರ್‌ಲ್ಯಾಂಡ್ಸ್‌ನಲ್ಲಿ ಹೆಸರು ನೋಂದಾಯಿಸಲು ಆದೇಶಿಸಿದ. ಡೆನ್ಮಾರ್ಕಿನಲ್ಲಿ 1828ರ ಆದೇಶದ ತರುವಾಯ, ಹಾನ್ಸ್‌ನ ಮಗ ಎಂದು ತಲೆಮಾರಿಗೊಮ್ಮೆ ಬದಲಾಗುತ್ತಿದ್ದ ಹೆಸರು ಕ್ರಮೇಣ ಹಾನ್ಸೆನ್ ಎಂದೇ ನಿಂತಿತು. ಯೆನ್ಸೆನ್, ನೀಲ್ಸೆನ್, ಹಾನ್ಸೆನ್ ಎಂಬವು ಇಂದಿಗೂ ಅಲ್ಲಿ ಅತಿ ಸಾಮಾನ್ಯವಾಗಿರುವುದು ಆ ಕಾರಣಕ್ಕೆ. ಜಪಾನಿನಲ್ಲಿ ಸಾಮಾನ್ಯ ಜನರಿಗೆ 1870ರಲ್ಲಿ ಮನೆತನದ ಹೆಸರಿನ ಅನುಮತಿ ಸಿಕ್ಕಿತು, 1875ರಲ್ಲಿ ಅದು ಕಡ್ಡಾಯವಾಯಿತು. ಥಾಯ್ಲೆಂಡಿನಲ್ಲಿ 1913ರ ಕಾನೂನಿನ ಬಳಿಕ ದೊರೆ ವಜಿರಾವುಧ ತಾನೇ ಕುಳಿತು 6,000ಕ್ಕೂ ಹೆಚ್ಚು ಹೆಸರುಗಳನ್ನು ರಚಿಸಿ ಹಂಚಿದ.

ಎಲ್ಲಕ್ಕಿಂತ ವಿಚಿತ್ರವಾದದ್ದು ಫಿಲಿಪೀನ್ಸ್‌ನ ಪ್ರಕರಣ. ಅಲ್ಲಿನ ಸ್ಪ್ಯಾನಿಷ್ ಗವರ್ನರ್ ಜನರಲ್ ನಾರ್ಸಿಸೊ ಕ್ಲಾವೇರಿಯಾ 1849ರ ನವೆಂಬರ್ 21ರಂದು ಒಂದು ಆದೇಶ ಹೊರಡಿಸಿದ. ಸುಮಾರು 61,000 ಹೆಸರುಗಳನ್ನು ಅಕಾರಾದಿಯಾಗಿ ಜೋಡಿಸಿದ ಪಟ್ಟಿಯೊಂದನ್ನು ಸಿದ್ಧಪಡಿಸಿ, ಅದರ ಪುಟಗಳನ್ನು ಪ್ರಾಂತ್ಯಗಳಿಗೂ ಊರುಗಳಿಗೂ ಹಂಚಲಾಯಿತು. ಕುಟುಂಬದ ಯಜಮಾನರು ತಮ್ಮ ಪಾಲಿಗೆ ಬಂದ ಪುಟದಿಂದ ಹೆಸರು ಆರಿಸಿಕೊಂಡರು. ಪರಿಣಾಮವಾಗಿ ಕೆಲವು ಊರುಗಳಲ್ಲಿ ಬಹುತೇಕ ಎಲ್ಲರ ಮನೆತನದ ಹೆಸರು ಒಂದೇ ಅಕ್ಷರದಿಂದ ಆರಂಭವಾಗುತ್ತದೆ. ಈ ಹೆಸರುಗಳಿಗೆ ಸ್ಪ್ಯಾನಿಷಿನಲ್ಲಿ ಅರ್ಥವಿರಬಹುದು, ಆದರೆ ಆ ಅರ್ಥಕ್ಕೂ ಹೆಸರು ಹೊತ್ತ ಕುಟುಂಬದ ಪೂರ್ವಜನಿಗೂ ಯಾವ ಸಂಬಂಧವೂ ಇಲ್ಲ. ಅನ್ವರ್ಥದ ಹಂತವನ್ನೇ ಹಾದುಹೋಗದೆ ನೇರವಾಗಿ ಅಂಕಿತವಾದ ಹೆಸರುಗಳಿವು.

ತುರ್ಕಿಯ ಸರದಿ ಬಂದದ್ದು 1934ರಲ್ಲಿ. ಆ ವರ್ಷ ಜೂನ್ 21ರ ಕಾನೂನು ಪ್ರತಿಯೊಬ್ಬ ನಾಗರಿಕನೂ ಮನೆತನದ ಹೆಸರು ಹೊಂದಬೇಕೆಂದಿತು. ಪದವಿ, ಬುಡಕಟ್ಟು ಮತ್ತು ಪರಕೀಯ ಜನಾಂಗಗಳನ್ನು ಸೂಚಿಸುವ ಹೆಸರುಗಳು ನಿಷಿದ್ಧವಾದವು. ಮುಸ್ತಫಾ ಕೆಮಾಲನಿಗೆ ಅದೇ ನವೆಂಬರಿನಲ್ಲಿ ಸಂಸತ್ತು ಅತಾತುರ್ಕ್, ಎಂದರೆ ತುರ್ಕರ ತಂದೆ, ಎಂಬ ಹೆಸರು ಕೊಟ್ಟು, ಬೇರೆ ಯಾರೂ ಅದನ್ನು ಬಳಸಕೂಡದೆಂದು ವಿಧಿಸಿತು. ಇಂಥ ಕಾನೂನುಗಳನ್ನು ಆಧುನಿಕತೆಯ ಹೆಜ್ಜೆಗಳೆಂದು ಹೊಗಳುವುದುಂಟು. ಅವುಗಳ ಮೂಲ ಪ್ರೇರಣೆ ಹೆಚ್ಚು ಸರಳವಾದದ್ದೆಂದು ನನಗೆ ತೋರುತ್ತದೆ: ಸರ್ಕಾರಕ್ಕೆ ತೆರಿಗೆಯವನೂ ಸಿಪಾಯಿಯೂ ಪಟ್ಟಿಯಲ್ಲಿ ತಪ್ಪಿಸಿಕೊಳ್ಳದೆ ಸಿಗಬೇಕಿತ್ತು. ಇದಕ್ಕೆ ಒಪ್ಪದೆ ಉಳಿದ ದೇಶ ಐಸ್‌ಲ್ಯಾಂಡ್. ಅಲ್ಲಿ ಯೋನ್‌ನ ಮಗ ಯೋನ್ಸನ್, ಮಗಳು ಯೋನ್ಸ್‌ದೋತ್ತಿರ್. ಮುಂದಿನ ತಲೆಮಾರಿಗೆ ಹೆಸರು ಮತ್ತೆ ಬದಲು. 1925ರ ಕಾನೂನು ಹೊಸದಾಗಿ ಮನೆತನದ ಹೆಸರು ಮಾಡಿಕೊಳ್ಳುವುದನ್ನೇ ತಡೆಯಿತು. ಅಲ್ಲಿನ ಟೆಲಿಫೋನ್ ಡೈರೆಕ್ಟರಿಯಲ್ಲಿ ಜನರನ್ನು ಇಟ್ಟ ಹೆಸರಿನ ಅಕಾರಾದಿಯಲ್ಲಿ ಜೋಡಿಸುತ್ತಿದ್ದುದು ಇದರ ಸಹಜ ಫಲ.

ಹೆಸರು ಯಾವಾಗ ಸ್ಥಿರವಾಯಿತು ಎಂಬುದರ ಮೇಲೆ ಒಂದು ದೇಶದಲ್ಲಿ ಎಷ್ಟು ಹೆಸರುಗಳಿವೆ ಎಂಬುದೂ ನಿಂತಿದೆ. ಚೀನಾದಲ್ಲಿ ಮನೆತನದ ಹೆಸರುಗಳಿಗೆ ಎರಡು ಸಾವಿರ ವರ್ಷಗಳಿಗೂ ಮೀರಿದ ಇತಿಹಾಸವಿದೆ. ಕೇವಲ ನೂರು ಹೆಸರುಗಳು ಅಲ್ಲಿನ ಜನರಲ್ಲಿ ಶೇ. 85ರಷ್ಟು ಮಂದಿಗೆ ಸಾಕಾಗುತ್ತವೆ, ವಾಂಗ್, ಲೀ, ಝಾಂಗ್ ಎಂಬವು ಮುಂಚೂಣಿಯಲ್ಲಿವೆ. ಬಹುಮಂದಿಗೆ ಒಂದೂವರೆ ಶತಮಾನದ ಹಿಂದಷ್ಟೇ ಹೆಸರು ಬಂದ ಜಪಾನಿನಲ್ಲಿ ಒಂದು ಲಕ್ಷಕ್ಕೂ ಮೀರಿ ಹೆಸರುಗಳಿವೆ. ಈ ವ್ಯತ್ಯಾಸಕ್ಕೆ ಗಣಿತದ ಕಾರಣವೊಂದಿದೆ. ಬ್ರಿಟನ್ನಿನ ಫ್ರಾನ್ಸಿಸ್ ಗಾಲ್ಟನ್ ಮತ್ತು ಹೆನ್ರಿ ವಾಟ್ಸನ್ 1874ರಲ್ಲಿ ಮನೆತನಗಳು ಅಳಿಯುವ ಬಗೆಯನ್ನು ಲೆಕ್ಕಹಾಕಿದರು. ಹೆಸರು ಗಂಡುಮಕ್ಕಳ ಮೂಲಕವೇ ಸಾಗುತ್ತದೆ ಎಂದುಕೊಳ್ಳೋಣ. ಪ್ರತಿ ತಲೆಮಾರಿನಲ್ಲಿಯೂ ಒಬ್ಬನಿಗೆ ನಾಲ್ವರು ಗಂಡುಮಕ್ಕಳು, ಇನ್ನೊಬ್ಬನಿಗೆ ಒಬ್ಬ, ಮತ್ತೊಬ್ಬನಿಗೆ ಯಾರೂ ಇಲ್ಲ. ಒಂದು ಹೆಸರಿನ ಕೊನೆಯ ಗಂಡಸಿಗೆ ಗಂಡುಮಗುವಾಗದಿದ್ದರೆ ಆ ಹೆಸರು ಶಾಶ್ವತವಾಗಿ ಹೋಯಿತು. ಹೋದದ್ದು ತಿರುಗಿ ಬರುವುದಿಲ್ಲ. ಜನಸಂಖ್ಯೆ ಬೆಳೆಯದೆ ಒಂದೇ ಮಟ್ಟದಲ್ಲಿದ್ದರೂ, ಯಾರ ತಪ್ಪೂ ಇಲ್ಲದೆ, ಕೇವಲ ಆಕಸ್ಮಿಕದಿಂದಲೇ ಹೆಸರುಗಳು ಒಂದೊಂದಾಗಿ ಉದುರಿ, ಉಳಿದ ಕೆಲವು ದೊಡ್ಡದಾಗುತ್ತವೆ. ವ್ಯವಸ್ಥೆ ಹಳೆಯದಾದಷ್ಟೂ ಹೆಸರುಗಳು ಕಡಿಮೆ.

ಗಣಿತದ ಜೊತೆಗೆ ಅಧಿಕಾರವೂ ಸೇರಿಕೊಳ್ಳುತ್ತದೆ. ಉತ್ತರ ಚೀನಾವನ್ನು ಆಳುತ್ತಿದ್ದ ಉತ್ತರ ವೇಯಿ ವಂಶದ ಷಿಯಾವೆನ್ ಚಕ್ರವರ್ತಿ 496ರಲ್ಲಿ ತನ್ನ ಕುಲದ ತುವೊಬಾ ಎಂಬ ಹೆಸರನ್ನು ಬಿಟ್ಟು ಯುವಾನ್ ಎಂಬ ಚೀನೀ ಹೆಸರನ್ನು ತಾನೂ ತೊಟ್ಟು, ತನ್ನ ಸರದಾರರಿಗೂ ಚೀನೀ ಹೆಸರು ತೊಡಿಸಿದ. ವಿಯೆಟ್ನಾಮಿನಲ್ಲಿ ಸುಮಾರು ಮೂರನೇ ಒಂದು ಭಾಗದಷ್ಟು ಮಂದಿ ನುಯೆನ್ ಎಂಬ ಒಂದೇ ಹೆಸರಿನವರು. ರಾಜವಂಶಗಳು ಬದಲಾದಾಗ ಹಳೆಯ ವಂಶದವರು ಹೆಸರು ಬದಲಿಸಿಕೊಂಡದ್ದು ಇದಕ್ಕೆ ಒಂದು ಕಾರಣ, 1802ರಿಂದ 1945ರವರೆಗೆ ಆಳಿದ ಕೊನೆಯ ವಂಶದ ಹೆಸರೇ ನುಯೆನ್ ಆಗಿದ್ದುದು ಇನ್ನೊಂದು. ಕೊರಿಯಾದಲ್ಲಿ ಕಿಮ್, ಯಿ (ಲೀ), ಪಾಕ್ ಎಂಬ ಮೂರು ಹೆಸರುಗಳು ಸೇರಿ ಸುಮಾರು ಶೇ. 45ರಷ್ಟು ಜನರನ್ನು ಒಳಗೊಳ್ಳುತ್ತವೆ. ಇಷ್ಟು ಜನ ಒಂದೇ ಹೆಸರಿನವರಾದಾಗ ಹೆಸರು ಗುರುತಿನ ಕೆಲಸ ಮಾಡಲಾರದು. ಹೀಗಾಗಿ ಅಲ್ಲಿ ಮೂಲಸ್ಥಾನದಿಂದ ಕುಲವನ್ನು ಬೇರ್ಪಡಿಸುತ್ತಾರೆ, ಗಿಮ್ಹೆಯ ಕಿಮ್ ಬೇರೆ, ಗ್ಯೊಂಗ್‌ಜುವಿನ ಕಿಮ್ ಬೇರೆ. ಒಂದೇ ಮೂಲದ ಒಂದೇ ಹೆಸರಿನವರು ಮದುವೆಯಾಗಬಾರದೆಂಬ ನಿಯಮ ದಕ್ಷಿಣ ಕೊರಿಯಾದ ಕಾನೂನಿನಲ್ಲಿಯೇ ಇತ್ತು. 1997ರಲ್ಲಿ ಅಲ್ಲಿನ ಸಂವಿಧಾನ ನ್ಯಾಯಾಲಯ ಅದು ಸಂವಿಧಾನಕ್ಕೆ ಒಪ್ಪದೆಂದು ತೀರ್ಪಿತ್ತಿತು.

ಇಟ್ಟ ಹೆಸರು ಒಂದು, ಮನೆತನದ ಹೆಸರು ಒಂದು ಎಂಬ ಎರಡು ಖಾನೆಗಳ ಅರ್ಜಿ ನಮೂನೆ ಇಂದು ಹಲವು ದೇಶಗಳಲ್ಲಿ ಇದೆ; ಎಲ್ಲರ ಹೆಸರುಗಳೂ ಆ ಖಾನೆಗಳಿಗೆ ಹೊಂದುವುದಿಲ್ಲ. ವಿದ್ವಾಂಸ ಅಲ್‌ಬಿರೂನಿಯ ಹೆಸರನ್ನು ನೋಡಿ: ಅಬೂ ರೈಹಾನ್ ಮುಹಮ್ಮದ್ ಇಬ್ನ್ ಅಹ್ಮದ್ ಅಲ್‌ಬಿರೂನಿ. ಇದರಲ್ಲಿ ಮುಹಮ್ಮದ್ ಇಟ್ಟ ಹೆಸರು. ಇಬ್ನ್ ಅಹ್ಮದ್ ಎಂದರೆ ಅಹ್ಮದನ ಮಗ. ಅಬೂ ರೈಹಾನ್ ಎಂಬುದು ರೈಹಾನ್‌ನ ತಂದೆ ಎಂಬ ರೂಪದ ಗೌರವದ ಹೆಸರು. ಬಿರೂನಿ ಎಂದರೆ ಊರಿನ ಹೊರವಲಯದವನು. ನಾವು ಇಂದು ಅವನನ್ನು ಕರೆಯುವುದು ಹೊರಗಿನವನು ಎಂದು ಮಾತ್ರ. ಮ್ಯಾನ್ಮಾರಿನ ಬಹುಸಂಖ್ಯಾತ ಬರ್ಮನ್ನರಲ್ಲಿ ಮನೆತನದ ಹೆಸರೇ ಇಲ್ಲ. ವಿಶ್ವಸಂಸ್ಥೆಯ ಮೂರನೆಯ ಮಹಾಕಾರ್ಯದರ್ಶಿ ಊ ಥಾಂಟ್ ಅವರ ಹೆಸರಿನ ಊ ಎಂಬುದು ಗೌರವಸೂಚಕ, ಥಾಂಟ್ ಒಂದೇ ಹೆಸರು. ಇಂಡೊನೇಷ್ಯಾದ ಸುಕರ್ಣೊ ಅವರದೂ ಒಂದೇ ಪದದ ಹೆಸರು. ಅದೇ ದೇಶ 2022ರ ನಿಯಮದಲ್ಲಿ ಹೆಸರಿನಲ್ಲಿ ಕನಿಷ್ಠ ಎರಡು ಪದಗಳಿರಬೇಕೆಂದು ವಿಧಿಸಿರುವುದು ನಮೂನೆಯ ಖಾನೆಗಳು ಹೆಸರನ್ನು ತಿದ್ದುವ ಬಗೆಗೆ ಒಳ್ಳೆಯ ನಿದರ್ಶನ. ಅಮೆರಿಕದ ದಾಖಲೆಗಳಲ್ಲಿ ಒಂದೇ ಹೆಸರಿನವರಿಗೆ ಎಫ್‌ಎನ್‌ಯು, ಎಂದರೆ ಮೊದಲ ಹೆಸರು ಗೊತ್ತಿಲ್ಲ, ಎಂಬ ಅಕ್ಷರಗಳನ್ನು ತುಂಬುವುದುಂಟು. ಆ ಅಕ್ಷರಗಳೇ ಹೆಸರೆಂದು ತಿಳಿದು ಹಾಗೆಯೇ ಕರೆಯುವವರೂ ಇದ್ದಾರೆ.

ಮದುವೆಯಾದ ಹೆಣ್ಣು ಗಂಡನ ಹೆಸರನ್ನು ಧರಿಸುವುದು ಎಲ್ಲ ಕಡೆಯ ಪುರಾತನ ಸಂಪ್ರದಾಯವೆಂಬ ನಂಬಿಕೆಯೂ ತಪ್ಪು. ಚೀನಾ, ಕೊರಿಯಾ, ಐಸ್‌ಲ್ಯಾಂಡ್, ಸ್ಪೇನ್ ದೇಶಗಳಲ್ಲಿ ಅವಳ ಹೆಸರು ಅವಳದೇ. ಗ್ರೀಸ್‌ನಲ್ಲಿ 1983ರಿಂದಲೂ ಕೆನಡಾದ ಕ್ವಿಬೆಕ್ ಪ್ರಾಂತ್ಯದಲ್ಲಿ 1981ರಿಂದಲೂ ಕಾನೂನೇ ಹಾಗೆ ಹೇಳುತ್ತದೆ. ಇದಕ್ಕೆ ವಿರುದ್ಧವಾಗಿ ಜಪಾನಿನ ನಾಗರಿಕ ಸಂಹಿತೆ ದಂಪತಿಗಳಿಬ್ಬರೂ ಒಂದೇ ಹೆಸರು ಇಟ್ಟುಕೊಳ್ಳಬೇಕೆನ್ನುತ್ತದೆ; ಯಾರದೆಂದು ಅದು ಹೇಳದಿದ್ದರೂ ಬದಲಿಸಿಕೊಳ್ಳುವವಳು ಬಹುತೇಕ ಹೆಂಡತಿಯೇ. ಈ ನಿಯಮವನ್ನು ಅಲ್ಲಿನ ಸುಪ್ರೀಂ ಕೋರ್ಟ್ 2015ರಲ್ಲಿಯೂ 2021ರಲ್ಲಿಯೂ ಎತ್ತಿಹಿಡಿದಿದೆ. ಸ್ಪೇನಿನಲ್ಲಿ ಮಗುವಿಗೆ ತಂದೆಯದೊಂದು, ತಾಯಿಯದೊಂದು ಹೀಗೆ ಎರಡು ಹೆಸರುಗಳು ಬರುತ್ತವೆ. ಚಿತ್ರಕಾರ ಪಿಕಾಸೊನ ತಂದೆಯ ಮನೆತನ ರುಯಿಸ್, ಪಿಕಾಸೊ ಎಂಬುದು ತಾಯಿಯ ಕಡೆಯದು. ಆದರೂ ತಾಯಿಯಿಂದ ಬಂದ ಹೆಸರು ತಾಯಿಯ ತಂದೆಯದೇ ಆಗಿರುವುದರಿಂದ, ರೂಢಿಯ ಕ್ರಮದಲ್ಲಿ ಅದು ಒಂದು ತಲೆಮಾರು ನಡೆದು ನಿಂತುಬಿಡುತ್ತದೆ.

ಹೆಸರಿನ ಅರ್ಥ ಹುಡುಕುವವರು ಬೀಳುವ ಹಳ್ಳಗಳು ಹಲವು. ಒಂದೇ ರೂಪಕ್ಕೆ ಹಲವು ಮೂಲಗಳಿರಬಹುದು: ಇಂಗ್ಲಿಷಿನ ಲೀ ಎಂಬುದು ಕಾಡಿನ ನಡುವಿನ ಬಯಲು, ಚೀನಾದ ಲೀ ಎಂಬುದು ಪ್ಲಮ್ ಮರ. ನೆದರ್‌ಲ್ಯಾಂಡ್ಸ್‌ನಲ್ಲಿ ನಾಕ್ತ್‌ಖೆಬೋರೆನ್ ಎಂಬ ಹೆಸರಿದೆ. ಇಂದಿನ ಡಚ್ಚಿನಲ್ಲಿ ಬೆತ್ತಲೆ ಹುಟ್ಟಿದವನು ಎಂದು ಕೇಳಿಸುವ ಅದನ್ನು ನೆಪೋಲಿಯನ್ನನ ಗುಮಾಸ್ತರನ್ನು ಗೇಲಿ ಮಾಡಲು ಯಾರೋ ಬರೆಸಿದರೆಂದು ಜನ ಹೇಳುತ್ತಾರೆ. ತಂದೆ ತೀರಿಕೊಂಡ ಬಳಿಕ ಹುಟ್ಟಿದವನು ಎಂಬ ಅರ್ಥದ ಜರ್ಮನ್ ಪದದ ರೂಪಾಂತರ ಅದು ಎಂಬುದು ಭಾಷಾತಜ್ಞರ ವಿವರಣೆ. ನ್ಯೂಯಾರ್ಕಿನ ಎಲಿಸ್ ದ್ವೀಪದ ಅಧಿಕಾರಿಗಳು ವಲಸೆಗಾರರ ಹೆಸರನ್ನು ಕಿವಿಗೆ ಬಿದ್ದಂತೆ ಬದಲಿಸಿ ಬರೆದರೆಂಬ ಕಥೆಯೂ ಇಂಥದೇ. ಅವರು ಹಡಗಿನವರು ಹೊರಡುವಾಗಲೇ ಸಿದ್ಧಪಡಿಸಿದ್ದ ಪಟ್ಟಿಯನ್ನು ತಾಳೆನೋಡುತ್ತಿದ್ದರು, ಹೆಸರು ಬದಲಿಸಿಕೊಂಡವರು ಬಹುಪಾಲು ಆಮೇಲೆ ತಾವಾಗಿಯೇ ಬದಲಿಸಿಕೊಂಡವರು. ಒಂದೇ ಹೆಸರಿನವರೆಲ್ಲ ಒಂದೇ ರಕ್ತದವರೆಂದೂ ಹೇಳಲಾಗದು. ತಂದೆಯಿಂದ ಮಗನಿಗೆ ಸಾಗುವ ವೈ ವರ್ಣತಂತುವನ್ನು ಹೋಲಿಸಿದ ಬ್ರಿಟನ್ನಿನ ಅಧ್ಯಯನಗಳಲ್ಲಿ, ಅಪರೂಪದ ಹೆಸರಿನವರಲ್ಲಿ ರಕ್ತಸಂಬಂಧ ಎದ್ದುಕಂಡರೆ, ಸ್ಮಿತ್‌ನಂಥ ಹೆಸರಿನವರಲ್ಲಿ ಅಂಥದೇನೂ ಕಾಣಲಿಲ್ಲ. ಊರಿಗೊಬ್ಬ ಕಮ್ಮಾರನಿದ್ದ ಎಂಬ ಲೆಕ್ಕವನ್ನು ನೆನೆದರೆ ಇದು ಹೀಗೆಯೇ ಇರಬೇಕು.

ಅನ್ವರ್ಥನಾಮ ಅಂಕಿತನಾಮವಾಗುವ ಕ್ರಿಯೆ ನಮ್ಮ ಕಾಲದಲ್ಲಿಯೂ ಕಣ್ಣೆದುರು ನಡೆದಿದೆ. ಮಂಗೋಲಿಯಾದ ಕಮ್ಯುನಿಸ್ಟ್ ಸರ್ಕಾರ 1920ರ ದಶಕದಲ್ಲಿ ಕುಲದ ಹೆಸರುಗಳನ್ನು ನಿಷೇಧಿಸಿದ್ದರಿಂದ, ಜನ ತಂದೆಯ ಹೆಸರೊಂದನ್ನೇ ಜೊತೆಗಿಟ್ಟುಕೊಂಡು, ತಮ್ಮ ಕುಲ ಯಾವುದೆಂಬುದನ್ನೇ ಮರೆತರು. 1990ರ ದಶಕದಲ್ಲಿ ಮತ್ತೆ ಕುಲದ ಹೆಸರು ಬೇಕೆಂದಾದಾಗ ಬಹಳ ಮಂದಿ ಚೆಂಗಿಸ್ ಖಾನನ ಬೋರ್ಜಿಗಿನ್ ಎಂಬ ಕುಲನಾಮವನ್ನೇ ಆರಿಸಿಕೊಂಡರು. 1981ರಲ್ಲಿ ಬಾಹ್ಯಾಕಾಶಕ್ಕೆ ಹೋಗಿಬಂದ ಮೊದಲ ಮಂಗೋಲಿಯನ್ ಗುರ‍್ರಗ್ಚಾ ಮಾತ್ರ ತನ್ನ ಯಾನದ ನೆನಪಿಗೆ ವಿಶ್ವ, ಬಾಹ್ಯಾಕಾಶ ಎಂಬರ್ಥದ ಸನ್ಸರ್ ಎಂಬ ಪದವನ್ನು ಕುಲನಾಮ ಮಾಡಿಕೊಂಡ. ಅವನ ಮಟ್ಟಿಗೆ ಅದು ಅನ್ವರ್ಥನಾಮ. ನೆಲ ಬಿಟ್ಟು ಮೇಲೇಳದ ಮರಿಮಕ್ಕಳ ಮಟ್ಟಿಗೆ ಅಂಕಿತನಾಮ. ಬೌದ್ಧ ಗ್ರಂಥಗಳ ಜೊತೆಗೆ ಮಂಗೋಲಿಯಾ ತಲುಪಿದ ಆ ಪದದ ಮೂಲ ಸಂಸ್ಕೃತದ್ದು. ನಾವು ಅದನ್ನು ಹೆಂಡತಿ, ಮಕ್ಕಳು, ಮನೆ ಎಂಬ ಅರ್ಥದಲ್ಲಿ ದಿನವೂ ಬಳಸುತ್ತೇವೆ: ಸಂಸಾರ.